ಸೇವ್ ಅಕ್ಕ ಮತ್ತು ಮಂಜುನರಿ

ನೋಂದಣಿ ಕಚೇರಿಯ ಎದುರಿಗೆ ಟೈಪಿಂಗ್ ಅಂಗಡಿಗಳ ಸಾಲೊಂದಿದೆ. ಅದರಲ್ಲಿ ಮೂಲೆಯ ಅಂಗಡಿಯಲ್ಲಿ ಕೂರುವವಳನ್ನು ಎಲ್ಲರೂ ಸೇವ್ ಅಕ್ಕ ಎನ್ನುತ್ತಾರೆ. ಕೆಲಸಕ್ಕೆ ಸೇರಿದ ಹೊಸತರಲ್ಲಿ ಅವಳು ಆಸ್ತಿ ಪಾಲಿನ ದೊಡ್ಡ ಪತ್ರವೊಂದನ್ನು ಕೊನೆಯ ಪುಟದವರೆಗೆ ಟೈಪು ಮಾಡಿದ್ದಳು. ಸೇವ್ ಮಾಡುವ ಮೊದಲೇ ಕರೆಂಟು ಹೋಯಿತು, ಪತ್ರವೂ ಹೋಯಿತು. ಪಾಲು ಹಂಚಿಕೊಳ್ಳಲು ಬಂದಿದ್ದ ಅಣ್ಣತಮ್ಮಂದಿರು ಬೆಂಚಿನ ಮೇಲೆ ಕಾಯುತ್ತ ಕೂತವರು ಹಳೆಯದನ್ನೆಲ್ಲ ಕೆದಕಿ ಮತ್ತೆ ಜಗಳಕ್ಕೆ ಬಿದ್ದು, ಸಹಿ ಹಾಕದೆಯೇ ಎದ್ದು ಹೋದರು. ಅಂದಿನಿಂದ ಅವಳ ಕೈಗೊಂದು ಚಟ ಅಂಟಿಕೊಂಡಿತು. ವಾಕ್ಯ ಮುಗಿಯಿತೆಂದರೆ ಬೆರಳುಗಳು ತಾವಾಗಿಯೇ ಹೋಗಿ ಸೇವ್ ಒತ್ತಿ ಬರುತ್ತವೆ. ಫೋನಿನಲ್ಲಿ ಮಾತಾಡುತ್ತಿದ್ದರೂ ಅಷ್ಟೆ, ಎದುರಿಗೆ ನಿಂತು ಯಾರಾದರೂ ಬೈಯುತ್ತಿದ್ದರೂ ಅಷ್ಟೆ. ಅಂಗಡಿಯ ಯಜಮಾನರು ಹೊಸಬರಿಗೆಲ್ಲ ಅವಳ ಕೈ ನೋಡಿ ಕಲಿಯಿರಿ ಎನ್ನುತ್ತಿದ್ದರು. ಅವಳು ಕೇಳಿಸದವಳಂತೆ ಕೂರುತ್ತಿದ್ದಳು. ಒಳಗೊಳಗೆ ಮಾತ್ರ ಆ ಕೈಯ ಮೇಲೆ ಅವಳಿಗೆ ಸಣ್ಣದೊಂದು ಜಂಬವಿತ್ತು.

ಅಕ್ಕನಿಗೆ ಮದುವೆಯಾಗಿಲ್ಲ. ಎರಡು ಕೋಣೆಯ ಮನೆಯಲ್ಲಿ ಒಬ್ಬಳೇ. ಆ ವರ್ಷ ಅವಳ ತಂಗಿ ಬಸುರಿಯಾಗಿ ಅಲ್ಲಿಗೆ ಬಂದಳು. ತಂಗಿಯ ಗಂಡ ಲಾರಿ ಓಡಿಸುವವನು, ಹೊರಟರೆ ವಾರಗಟ್ಟಲೆ ಮನೆ ಕಾಣುವುದಿಲ್ಲ. ಹಿಂದಿನ ಸಲ ಬಸಿರು ನಿಂತಿರಲಿಲ್ಲ. ಈ ಸಲ ರಕ್ತದೊತ್ತಡ ಬೇರೆ ಏರಿತ್ತು. ಎದ್ದು ಓಡಾಡುವ ಹಾಗಿಲ್ಲ, ಎಡ ಮಗ್ಗುಲಾಗಿ ಮಲಗಿರಬೇಕು, ಸ್ನಾನಕ್ಕೂ ಶೌಚಕ್ಕೂ ಬಿಟ್ಟರೆ ಹಾಸಿಗೆ ಬಿಡಬಾರದು ಎಂದು ಡಾಕ್ಟರಮ್ಮ ಕಟ್ಟುನಿಟ್ಟಾಗಿ ಹೇಳಿದ್ದರು. ಅಕ್ಕನನ್ನು ಬೇರೆಯಾಗಿ ಕರೆದು, ಮನಸ್ಸಿಗೆ ನೋವಾಗುವಂಥದ್ದು ಏನೂ ಅವರ ಕಿವಿಗೆ ಬೀಳದ ಹಾಗೆ ನೋಡಿಕೊಳ್ಳಿ ಎಂದೂ ಹೇಳಿದ್ದರು. ಲ್ಯಾಬಿನಿಂದ ರಿಪೋರ್ಟು ತರುವುದು, ಡಾಕ್ಟರಮ್ಮನಿಗೆ ತೋರಿಸುವುದು, ಅವರು ಹೇಳಿದ್ದನ್ನು ಬಂದು ತಂಗಿಗೆ ಒಪ್ಪಿಸುವುದು, ಎಲ್ಲ ಅಕ್ಕನ ಪಾಲಿಗೆ ಬಂತು. ಅಕ್ಕ ಹೇಳಿದ್ದನ್ನು ತಂಗಿ ಇನ್ನೊಂದು ಮಾತಿಲ್ಲದೆ ನಂಬುತ್ತಿದ್ದಳು.

ಮಲಗಿಯೇ ಇರಬೇಕಾದ ಬಸುರಿಗೆ ಮಧ್ಯಾಹ್ನ ಎಷ್ಟು ಉದ್ದ ಎನ್ನುವುದು ಮಲಗಿದವರಿಗೇ ಗೊತ್ತು. ತಂಗಿ ಸೀರೆಗಳ ನಡುವೆ ತನ್ನ ಹಳೆಯ ವಿಡಿಯೋ ಆಟದ ಯಂತ್ರವನ್ನೂ ಸುತ್ತಿ ತಂದಿದ್ದಳು. ಅಂಗೈಯಗಲದ್ದು, ಬೂದು ಬಣ್ಣ, ಗುಂಡಿಗಳ ಮೇಲಿನ ಅಕ್ಷರ ಸವೆದು ಹೋಗಿತ್ತು. ಶಾಲೆಗೆ ಹೋಗುವಾಗ ಆಡಿದ್ದ ಆಟವೇ ಅದು. ಹುಲ್ಲು, ಗುಡ್ಡ, ಗುಹೆ ಎಂದು ಅಲೆದು ವಿಚಿತ್ರ ಪ್ರಾಣಿಗಳನ್ನು ಬಲೆ ಹಾಕಿ ಹಿಡಿದು ಸಾಕಿಕೊಳ್ಳಬೇಕು. ಅವಳ ಹತ್ತಿರ ಹೆಚ್ಚುಕಡಿಮೆ ಎಲ್ಲವೂ ಇದ್ದವು, ಮಂಜುನರಿಯೊಂದನ್ನು ಬಿಟ್ಟು.

ಮಂಜುನರಿ ಇಡೀ ಆಟಕ್ಕೆ ಒಂದೇ. ಕೆರೆಯ ಹುಲ್ಲಿನಲ್ಲಿ ಇದೆ ಎಂದು ಹೋದರೆ ಅಷ್ಟು ಹೊತ್ತಿಗೆ ಗುಡ್ಡದಾಚೆ ಇರುತ್ತದೆ. ಎದುರಾದರೂ ಮುಖ ತೋರಿಸಿ ಓಟ. ಅದು ಗಟ್ಟಿಯಾಗಿದ್ದಾಗ ಬಲೆ ಎಸೆದರೆ ಹರಿದು ಹಾಕುತ್ತದೆ. ಹೊಡೆದು ಸುಸ್ತು ಮಾಡಬೇಕು, ಆದರೆ ಒಂದು ಪೆಟ್ಟು ಹೆಚ್ಚಾದರೆ ಬಿದ್ದೇಹೋಗುತ್ತದೆ. ಬಿದ್ದರೆ ಆ ಆಟದಲ್ಲಿ ಅದು ಮತ್ತೆ ಹುಟ್ಟುವುದಿಲ್ಲ. ತಂಗಿ ವಾರಗಟ್ಟಲೆ ಅದರ ಬೆನ್ನು ಬಿದ್ದು, ಸಿಕ್ಕಾಗಲೆಲ್ಲ ಒಂದೊಂದು ಸಣ್ಣ ಗೀರು ಹಾಕಿ, ಅದರ ಜೀವವನ್ನು ನೂಲಿನೆಳೆಯಷ್ಟಕ್ಕೆ ಇಳಿಸಿ ಇಟ್ಟಿದ್ದಳು. ಓಡದಂತೆ ಕಾಲಿಗೆ ನೂಲು ಸುತ್ತುವ ಜೇಡವೊಂದನ್ನು ಸಾಕಿಕೊಂಡಿದ್ದಳು. ಇನ್ನು ಒಂದೇ ಒಂದು ಸಲ ಎದುರಾದರೆ ಸಾಕಿತ್ತು.

"ಥೇಟ್ ನನ್ನ ಗಂಡನ ಥರಾನೇ ಅಕ್ಕ. ಬರ್ತಾನೆ, ಮುಖ ತೋರಿಸ್ತಾನೆ, ಹೋಗ್ತಾನೆ" ಎಂದು ನಗುತ್ತಿದ್ದಳು. ನಗುತ್ತಲೇ ಒಮ್ಮೆ, ಹೊಟ್ಟೆಯ ಮೇಲೆ ಕೈಯಿಟ್ಟುಕೊಂಡು, ಇದನ್ನು ಹಿಡಿದರೆ ಅದೂ ಸರಿಹೋಗುತ್ತದೆ ಅಂತ ಒಂದು ಲೆಕ್ಕ ಇಟ್ಟುಕೊಂಡಿದ್ದೇನೆ, ಹುಚ್ಚು ಅಂತ ಗೊತ್ತು ಎಂದಳು. ಅಕ್ಕ ಹುಚ್ಚಲ್ಲ ಎಂದಳು.

ಅಕ್ಕನಿಗೂ ಯಂತ್ರ ಅಭ್ಯಾಸವಾಯಿತು. ಆಡುತ್ತ ಆಡುತ್ತ ತಂಗಿ ಕಣ್ಣು ಮುಚ್ಚಿದರೆ, ಕೈಯಿಂದ ಬಿಡಿಸಿಕೊಂಡು ಸೇವ್ ಮಾಡಿ ಆರಿಸಿ ಇಡುವುದು ಅವಳ ಕೆಲಸ. ಆ ಕೆಲಸ ಅವಳಿಗೆ ಯಾರೂ ಕಲಿಸಬೇಕಾಗಿರಲಿಲ್ಲ.

ಒಂದು ರಜೆಯ ದಿನ ಬೆಳಗ್ಗೆ ತಂಗಿ ಸ್ನಾನಕ್ಕೆ ಹೊರಟಳು. ಯಂತ್ರವನ್ನು ಅಕ್ಕನ ಕೈಗೆ ಕೊಟ್ಟು, ಹುಲ್ಲಿನ ಅಂಚಿನಲ್ಲಿ ಹಿಂದೆ ಮುಂದೆ ನಡೆಸುತ್ತಿರು ಎಂದಳು. ಬಾಗಿಲ ಹತ್ತಿರ ತಿರುಗಿ ನಿಂತು ಹೇಳಿದಳು, "ಬಂದ್ರೆ ಏನೂ ಮಾಡ್ಬೇಡ. ನೀನು ಗುಂಡಿ ಒತ್ತೋವರೆಗೂ ಅದು ಅಲ್ಲಾಡಲ್ಲ. ನಾನು ಬರೋವರೆಗೂ ಹಾಗೇ ಇಟ್ಕೊಂಡಿರು."

ಬಚ್ಚಲಿನಲ್ಲಿ ನೀರು ಬೀಳುವ ಸದ್ದು ಶುರುವಾಯಿತು. ಅಕ್ಕ ಕಿಟಕಿಯ ಪಕ್ಕದ ಕುರ್ಚಿಯಲ್ಲಿ ಕೂತು ನಡೆಸಿದಳು. ಹಿಂದೆ, ಮುಂದೆ. ಬಾವಲಿ ಬಂತು, ಓಡಿಸಿದಳು. ಹುಳ ಬಂತು, ಓಡಿಸಿದಳು. ಆಮೇಲೆ ಪರದೆ ಬೆಳ್ಳಗಾಗಿ, ತಂಗಿಯ ಬಾಯಲ್ಲಿ ಕೇಳಿ ಕೇಳಿ ಗುರುತಾಗಿದ್ದ ಆ ನೀಲಿ ಬಾಲ ಕಾಣಿಸಿತು.

ಕೂಗಿದ್ದರೆ ಮುಗಿಯುತ್ತಿತ್ತು. ಕೂಗದೆ ಸುಮ್ಮನೆ ಹಿಡಿದು ಕೂತಿದ್ದರೂ ಆಗುತ್ತಿತ್ತು. ಆದರೆ ತಂಗಿ ಒದ್ದೆ ತಲೆಗೆ ಟವೆಲು ಸುತ್ತಿಕೊಂಡು ಬರುವಷ್ಟರಲ್ಲಿ ನರಿ ಬಲೆಯಲ್ಲಿ ಬಿದ್ದಿರಬೇಕು, ಯಂತ್ರವನ್ನು ಅವಳ ಕೈಗಿಟ್ಟು ತಾನು ಏನೂ ಅರಿಯದವಳಂತೆ ಕೂರಬೇಕು ಎಂಬ ಆಸೆ ಅಕ್ಕನ ತಲೆ ಹೊಕ್ಕಿತು. ನೋಡಿ ನೋಡಿ ತನಗೂ ಆಟ ಬಂದೇಬಿಟ್ಟಿದೆ ಎಂದುಕೊಂಡಳು. ಜೇಡದಿಂದ ನೂಲು ಸುತ್ತಿಸಿದಳು. ನರಿ ಓಡಲಿಲ್ಲ. ಬಲೆ ಎಸೆದಳು, ಹರಿಯಿತು. ಇನ್ನೊಂದು, ಅದೂ ಹರಿಯಿತು. ಮತ್ತೊಂದು ಇನ್ನೇನು ನಿಂತಿತು ಎನ್ನುವಾಗ ಬಿಚ್ಚಿಕೊಂಡಿತು. ಬಚ್ಚಲಿನಲ್ಲಿ ನೀರು ನಿಂತಿತು. ಇನ್ನು ಸ್ವಲ್ಪವೇ ಸ್ವಲ್ಪ ಮೆತ್ತಗಾಗಬೇಕೇನೋ ಎಂದುಕೊಂಡು, ಇದ್ದುದರಲ್ಲಿ ಎಲ್ಲಕ್ಕಿಂತ ಹಗುರವಾದ ಪೆಟ್ಟನ್ನು ಆರಿಸಿ ಒತ್ತಿದಳು.

ನರಿ ಕಾಲು ಮಡಚಿ ಬಿತ್ತು. ಪರದೆ ಕಪ್ಪಾಗಿ ಬೆಳಗಿತು. ಮತ್ತೆ ಬರೀ ಹುಲ್ಲು.

ಆಗಲೂ ಕೈ ಮೀರಿರಲಿಲ್ಲ. ಆದರೆ ಒಂದು ಕೆಲಸ ಮುಗಿಯಿತೆಂದು ಬೆರಳುಗಳಿಗೆ ತಿಳಿದಿತ್ತಲ್ಲ, ಅವು ಕಾಯಲಿಲ್ಲ. ಅಕ್ಕನ ಕಣ್ಣು ಇನ್ನೂ ಖಾಲಿ ಹುಲ್ಲಿನ ಮೇಲಿರುವಾಗಲೇ ಕೈ ತನ್ನ ಪಾಡಿಗೆ ಹೋಗಿ ಸೇವ್ ಒತ್ತಿ, ಹಳೆಯದನ್ನು ಅಳಿಸಲೇ ಎಂದು ಯಂತ್ರ ಕೇಳಿದ್ದಕ್ಕೆ ಹೌದು ಎಂದು ಒತ್ತಿ ಬಂದಿತ್ತು.

ತಂಗಿ ಬಂದು ಹಾಸಿಗೆಯ ಅಂಚಿನಲ್ಲಿ ಕೂತು, ಏನಾದರೂ ಬಂತಾ ಎಂದು ಕೇಳಿದಳು.

"ಇಲ್ಲ" ಎಂದಳು ಅಕ್ಕ. "ಬರೀ ಹುಳ."

ಆ ಸಂಜೆ ತಂಗಿ ತಾನಾಗಿಯೇ ಮಾತು ತೆಗೆದಳು. ಇಷ್ಟು ದಿನ ಹೇಗೆ ನಿಭಾಯಿಸಿದೆ ಗೊತ್ತಾ, ಮೊದಮೊದಲು ಎರಡು ಸಲ ಪೆಟ್ಟು ಜಾಸ್ತಿಯಾಗಿ ಬಿದ್ದೇಹೋಗಿತ್ತು, ಸೇವ್ ಮಾಡದೆ ಯಂತ್ರ ಆರಿಸಿ ಮತ್ತೆ ಹಾಕಿದೆ, ಬಿದ್ದಿದ್ದು ಎದ್ದು ಬಂತು ಎಂದು ಗುಟ್ಟು ಹೇಳುವ ದನಿಯಲ್ಲಿ ಹೇಳಿದಳು. ಅಕ್ಕ ಒಲೆಯ ಕಡೆ ತಿರುಗಿ ನಿಂತು ಹೂಂಗುಟ್ಟಿದಳು. ಹಾಲು ಉಕ್ಕಿ ಹೋದದ್ದು ವಾಸನೆ ಬಂದ ಮೇಲೆಯೇ ಗೊತ್ತಾದದ್ದು.

ನಾಳೆ ಹೇಳಿದರಾಯಿತು ಎಂದುಕೊಂಡಳು. ನಾಳೆ ರಿಪೋರ್ಟಿನ ದಿನ, ಒತ್ತಡ ಏರಿಬಿಟ್ಟರೆ ಎಂದು ಬಿಟ್ಟಳು. ಅದರ ಮಾರನೆಯ ದಿನ ತಂಗಿ ಉಲ್ಲಾಸವಾಗಿದ್ದಳು, ಕೆಡಿಸುವುದೇಕೆ ಎಂದುಕೊಂಡಳು. ಆಮೇಲೆ ಉಲ್ಲಾಸವಾಗಿರಲಿಲ್ಲ, ಆಗ ಹೇಳುವುದು ಹೇಗೆ? ಮನಸ್ಸಿಗೆ ನೋವಾಗದ ಹಾಗೆ ನೋಡಿಕೊಳ್ಳಿ ಎಂದ ಡಾಕ್ಟರಮ್ಮನ ಮಾತನ್ನು ಕೊಡೆಯ ಹಾಗೆ ಬಿಚ್ಚಿ ತಲೆಯ ಮೇಲೆ ಹಿಡಿದುಕೊಂಡಳು. ಅದರಡಿ ನಿಂತಿದ್ದವಳು ತಂಗಿಯಲ್ಲ, ತಾನು ಎಂಬುದು ಅವಳಿಗೆ ಚೆನ್ನಾಗಿಯೇ ಗೊತ್ತಿತ್ತು.

ತಂಗಿ ಮಾತ್ರ ಹುಡುಕುತ್ತಲೇ ಇದ್ದಳು. ಕೆರೆ, ಗುಡ್ಡ, ಗುಹೆಯ ಬಾಯಿ, ಮತ್ತೆ ಕೆರೆ. ಇಲ್ಲದ ನರಿಗಾಗಿ ಹೆಬ್ಬೆರಳು ಕೆಂಪಗಾಗುವಷ್ಟು ನಡೆದಳು. ಅಕ್ಕ ಪಕ್ಕದಲ್ಲೇ ಕೂತು ಕಿತ್ತಳೆ ಸುಲಿದು ಎಸಳು ಎಸಳಾಗಿ ಬಿಡಿಸಿ, ನಾರು ಕೂಡ ತೆಗೆದು ಅವಳ ಬಾಯಿಗಿಡುತ್ತಿದ್ದಳು. ಕೇಳದಿದ್ದರೂ ಕಾಲು ಒತ್ತುತ್ತಿದ್ದಳು. ಬ್ಯಾಟರಿ ಮುಗಿಯುವ ಮೊದಲೇ ಹೊಸದು ತಂದಿಡುತ್ತಿದ್ದಳು. ನಿನಗೇನಾಗಿದೆ, ಅತ್ತೆ ಮನೆಯಲ್ಲೂ ಇಷ್ಟು ಉಪಚಾರ ಕಾಣೆ ಎಂದು ತಂಗಿ ತಮಾಷೆ ಮಾಡಿದರೆ ಅಕ್ಕ ಕಿತ್ತಳೆ ಸಿಪ್ಪೆ ಬಾಚಿಕೊಂಡು ಒಳಗೆ ಎದ್ದು ಹೋಗುತ್ತಿದ್ದಳು. ಅಂಗಡಿಯಲ್ಲಿ ಯಜಮಾನರು ಎಂದಿನಂತೆ ಯಾರಿಗೋ ಅವಳ ಕೈ ತೋರಿಸಿದಾಗ, ಆ ಕೈಯನ್ನು ಮೇಜಿನ ಕೆಳಗೆ ಇಳಿಸಿಕೊಂಡಳು.

ಒಂದು ಸಂಜೆ ಕೆಲಸದಿಂದ ಬಂದಾಗ ಯಂತ್ರ ದಿಂಬಿನ ಪಕ್ಕ ಮುಖ ಕೆಳಗಾಗಿ ಬಿದ್ದಿತ್ತು. ತಂಗಿ ಗೋಡೆಯ ಕಡೆ ಮುಖ ಮಾಡಿದ್ದಳು. ಅಕ್ಕ ಲೈಟು ಹಾಕಲೇ ಎಂದು ಕೇಳಿದಳು. ಬೇಡ ಎಂದ ತಂಗಿ ಮೆಲ್ಲಗೆ ಹೇಳಿದಳು:

"ನನ್ನ ಕೈಗುಣಾನೇ ಇಷ್ಟು ಅಕ್ಕ. ಯಾವುದನ್ನೂ ಹಿಡಿದು ಉಳಿಸಿಕೊಳ್ಳೋಕೆ ಬರಲ್ಲ ನನಗೆ."

ಅವಳ ಅಂಗೈ ಹೊಟ್ಟೆಯ ಮೇಲಿತ್ತು. ಅಕ್ಕ ಹೆಗಲಿನ ಚೀಲವನ್ನೂ ಇಳಿಸದೆ ನಿಂತಲ್ಲೇ ಎಲ್ಲವನ್ನೂ ಹೇಳಿಬಿಟ್ಟಳು. ನರಿ ಬಂದಿತ್ತು, ಕೂಗಲಿಲ್ಲ, ತಾನೇ ಹಿಡಿದುಕೊಡಬೇಕು ಅನ್ನಿಸಿತು, ಬಲೆ ಹರಿಯಿತು, ಹೊಡೆದೆ, ಬಿತ್ತು, ಕೈ ಸೇವ್ ಮಾಡಿತು. ಕೈ ಮಾಡಿತು ಎಂದದ್ದನ್ನು ಅಲ್ಲೇ ತಿದ್ದಿ, ನಾನೇ ಮಾಡಿದೆ ಎಂದಳು.

ತಂಗಿ ತಿರುಗಿದಳು. ಅಳಲಿಲ್ಲ. ಯಾವತ್ತು ಎಂದು ಕೇಳಿದಳು. ಆ ಸ್ನಾನದ ದಿನ ಎಂದಳು ಅಕ್ಕ. ತಂಗಿ ಸುಮ್ಮನೆ ಮೇಲೆ ನೋಡುತ್ತಿದ್ದುದು ಕಂಡು, ಅಂದಿನಿಂದ ಹುಡುಕಿದ ಸಂಜೆಗಳನ್ನೆಲ್ಲ ಒಂದೊಂದಾಗಿ ನೆನೆಯುತ್ತಿದ್ದಾಳೆ ಎಂದು ಅಕ್ಕನಿಗೆ ತಿಳಿಯಿತು.

"ನರಿ ಹೋದ್ರೆ ಹೋಗ್ಲಿ" ಎಂದಳು ಕೊನೆಗೆ. "ನಾನು ಹುಡುಕ್ತಾ ಇದ್ದೆ, ನೀನು ಪಕ್ಕದಲ್ಲಿ ಕೂತು ನೋಡ್ತಾ ಇದ್ದೆ. ಹಣ್ಣು ತಿನ್ನಿಸ್ತಾ."

ಅಕ್ಕ ಹೆಗಲಿನ ಚೀಲ ಇಳಿಸಿ ನೆಲಕ್ಕಿಟ್ಟಳು.

"ಒಂದು ಹೇಳು. ಡಾಕ್ಟರು ಮಗು ಚೆನ್ನಾಗಿ ಬೆಳೀತಿದೆ ಅಂದ್ರು ಅಂದ್ಯಲ್ಲ. ಅದನ್ನ ಅವರು ನಿಜವಾಗ್ಲೂ ಹೇಳಿದ್ರಾ, ಇಲ್ಲ ನನಗೆ ಬೇಜಾರಾಗುತ್ತೆ ಅಂತ ನೀನೇ ಹೇಳಿದ್ದಾ?"

ಹೇಳಿದರು, ಆಣೆಗೂ ಹೇಳಿದರು ಎಂದಳು ಅಕ್ಕ. ಅದು ಸತ್ಯವೇ ಆಗಿತ್ತು. ಆದರೆ ಬರೀ ಹುಳ ಎಂದಿದ್ದಳಲ್ಲ, ಇದೂ ಅದೇ ದನಿಯಲ್ಲಿ ಬಂತು. ಅವಳ ಹತ್ತಿರ ಬೇರೆ ದನಿ ಇರಲಿಲ್ಲ.

ತಂಗಿ ಫೋನು ಕೇಳಿದಳು. ಅಕ್ಕನೇ ಡಾಕ್ಟರಮ್ಮನ ನಂಬರು ಒತ್ತಿ ಕೊಟ್ಟಳು. ಹೊರಗೆ ಹೋಗಲೋ ಇಲ್ಲೇ ನಿಲ್ಲಲೋ ತಿಳಿಯದೆ ಬಾಗಿಲ ಚೌಕಟ್ಟು ಹಿಡಿದು ನಿಂತಳು. ತಂಗಿ ಸ್ಪೀಕರಿಗೆ ಹಾಕಿದಳು. ಬೇಕೆಂದೇ ಹಾಕಿದಳು. ಡಾಕ್ಟರಮ್ಮ ಬೇರೆ ಯಾರನ್ನೋ ನೋಡುತ್ತಿದ್ದರೇನೋ, ಅವಸರದಲ್ಲೇ ಮಾತಾಡಿದರು. ಮಗು ಚೆನ್ನಾಗಿ ಬೆಳೀತಿದೆ, ಒತ್ತಡ ಒಂಚೂರು ಇಳಿದಿದೆ, ಎಡ ಮಗ್ಗುಲಾಗೇ ಮಲಗಿ, ನಿಮ್ಮ ಅಕ್ಕನಿಗೆ ಎಲ್ಲ ಹೇಳಿದ್ದೆನಲ್ಲ, ಅವರು ಹೇಳಲಿಲ್ಲವೇ ಎಂದರು.

"ಹೇಳಿದ್ಲು" ಎಂದಳು ತಂಗಿ.

ಅಕ್ಕ ಹೇಳಿದ್ದ ಮಾತುಗಳೇ, ಒಂದಕ್ಷರ ಆಚೀಚೆಯಿಲ್ಲದೆ ಬಂದಿದ್ದವು. ನಿರಾಳವಾಗಬೇಕಿತ್ತು. ಆದರೆ ಬಾಗಿಲಲ್ಲಿ ನಿಂತು ತನ್ನ ಮಾತಿಗೆ ಬೇರೆಯವರು ಸಾಕ್ಷಿ ಹೇಳುವುದನ್ನು ಕೇಳಿದ ಆ ಗಳಿಗೆಯಷ್ಟು ನಾಚಿಕೆ ಅವಳಿಗೆ ಹಿಂದೆಂದೂ ಆಗಿರಲಿಲ್ಲ. ಭೂಮಿ ಬಾಯಿಬಿಟ್ಟರೆ ಇಳಿದುಹೋಗುತ್ತಿದ್ದಳು.

ಮಗು ಹುಟ್ಟಿತು, ಹೆಣ್ಣು, ಗಟ್ಟಿ ಪಿಂಡ. ಈಗ ಹಲ್ಲು ಬರುತ್ತಿವೆ, ಸಿಕ್ಕಿದ್ದನ್ನೆಲ್ಲ ಕಚ್ಚುತ್ತದೆ. ಅಕ್ಕತಂಗಿಯರ ನಡುವೆ ಮಾತು ನಿಂತಿಲ್ಲ, ಮುನಿಸೂ ಇಲ್ಲ. ದೊಡ್ಡಮ್ಮನನ್ನು ಕಂಡರೆ ಮಗು ತಾಯಿಯ ತೊಡೆಯಿಂದ ಜಾರಿ ಅವಳ ಕಡೆ ಹೋಗುತ್ತದೆ. ಒಂದು ಮಾತ್ರ ಬದಲಾಗಿದೆ. ಮಗುವಿಗೆ ಊಟ ಆಯಿತು ಎಂದು ಅಕ್ಕ ಹೇಳಿದರೆ, ಜ್ವರ ಇಳಿದಿದೆ ಎಂದು ಹಣೆ ಮುಟ್ಟಿ ಹೇಳಿದರೆ, ತಂಗಿ "ಹೌದಾ?" ಎನ್ನುತ್ತಾಳೆ. ಚುಚ್ಚಬೇಕೆಂದು ಅನ್ನುವುದಲ್ಲ, ಅವಳಿಗೆ ಗೊತ್ತೇ ಇಲ್ಲದ ಹಾಗೆ ಬಾಯಿಂದ ಬಂದುಬಿಡುತ್ತದೆ. ಮೊದಲು ಅದು ಇರಲಿಲ್ಲ.

ಅಕ್ಕ ಅದಕ್ಕೆ ಬೇಸರಿಸುವುದಿಲ್ಲ. ಹೌದು ಎಂದು ಸುಮ್ಮನಾಗುವುದೂ ಇಲ್ಲ. ಮಗುವನ್ನು ಎತ್ತಿ ತಂದು ತಂಗಿಯ ಮುಂದೆ ಹಿಡಿಯುತ್ತಾಳೆ, ಅವಳೇ ಹಣೆ ಮುಟ್ಟಿ ನೋಡಲೆಂದು.