ತಿರಗಾಮುರಗಾಪೂರಕ್ಕೆ ಹೋಗಿಬಂದ ಗೂಳಪ್ಪ

ಅನಗವಾಡಿಯ ಗೂಳಪ್ಪ ಎರಡು ಲೋಕದಲ್ಲಿ ಟ್ರ್ಯಾಕ್ಟರ್ ಓಡಿಸಿದವನು. ಒಂದರಲ್ಲೂ ಹೊತ್ತು ತಪ್ಪಿದವನಲ್ಲ. ಕೈಗೆ ಗಡಿಯಾರ ಕಟ್ಟಿದವನೂ ಅಲ್ಲ. "ಗಡಿಯಾರಕ್ಕ ಹೊತ್ತು ಕಲಿಸಿದಾವ ನಾನು" ಎನ್ನುತ್ತಾನೆ.

ಮೊದಲನೇ ಲೋಕ ನಮ್ಮದೇ. ಕಬ್ಬು ಹೇರಿಕೊಂಡು ಸಕ್ಕರೆ ಕಾರ್ಖಾನೆಗೆ ಬಂದು, ಅಂಗಳದಲ್ಲಿ ಪಾಳಿ ಹಚ್ಚಿ ನಿಲ್ಲುವ ಲೋಕ. ಆ ಪಾಳಿಯ ಬಾಲದಲ್ಲಿ ಗಡ್ಡ ಬೋಳಿಸಿಕೊಂಡು ನಿಂತವನಿಗೆ ಅದರ ತಲೆ ಮುಟ್ಟುವಷ್ಟರಲ್ಲಿ ಗಡ್ಡ ಎದೆಗಿಳಿದಿರುತ್ತದೆ. ಅಷ್ಟು ಪುರುಸೊತ್ತಿನಲ್ಲಿ ಗೂಳಪ್ಪ ಎರಡನೇ ಲೋಕವನ್ನು ಕಂಡುಹಿಡಿದ. ಹೆಸರು ತಿರಗಾಮುರಗಾಪೂರ. ಅಲ್ಲಿ ಕಾಲ ಹಿಂದಕ್ಕೆ ಹರಿಯುತ್ತದೆ. ಕಾರ್ಖಾನೆಗೆ ಸಕ್ಕರೆ ಸುರುವಿದರೆ ಆಚೆಯಿಂದ ಹಸಿ ಕಬ್ಬು ಹೊರಬೀಳುತ್ತದೆ. ಹೆಡ್‌ಮಾಸ್ತರರು ಕಡೆಗೆ ಒಂದನೇ ಇಯತ್ತೆಗೆ ಸೇರಿ ಅಳುತ್ತಾರೆ.

ಇಂದಿಗೂ ಜಮಖಂಡಿ, ಮುಧೋಳ ಕಡೆಯ ಡ್ರೈವರುಗಳು ತಡವಾದರೆ ಮನೆಗೆ ಫೋನು ಮಾಡಿ "ತಿರಗಾಮುರಗಾಪೂರದಾಗ ಅದೀನಿ" ಎನ್ನುತ್ತಾರೆ. ಮನೆಯವರಿಗೂ ವಿಳಾಸ ಗೊತ್ತು.

ಹೋದ ಹಂಗಾಮಿನಲ್ಲಿ ಅವನ ತಂಗಿ ಗುರುಬಸವ್ವನ ಮಗಳು ರಾಜಶ್ರೀಯ ಮದುವೆ ಜಮಖಂಡಿಯಲ್ಲಿ ಗೊತ್ತಾಯಿತು. ಸೋದರಮಾವ ಕೈಹಿಡಿದು ಕರೆತರದೆ ಮದುಮಗಳು ಹಂದರಕ್ಕೆ ಬರುವ ಪದ್ಧತಿ ಅವರ ಮನೆತನದಲ್ಲಿಲ್ಲ. ಗುರುಬಸವ್ವ ಹಿಂದಿನ ದಿನವೇ ಫೋನಿನಲ್ಲಿ ಎಚ್ಚರಿಸಿದ್ದಳು: "ಯಣ್ಣಾ, ನಾಳಿ ಒಂದ ದಿನಾ ಈ ಲೋಕದಾಗ ಇರು."

"ಬೆಳಗಿನ ಭೋಂಗಾ ಹೊಡೀತಂದ್ರ ಹೊಂಟೆ" ಎಂದಿದ್ದ ಗೂಳಪ್ಪ. ಕೆಲಸಗಾರರ ಪಾಳಿ ಬದಲಾಗುವಾಗ ಕಾರ್ಖಾನೆ ಊದುವ ಭೋಂಗಾ ಸತ್ತವರನ್ನೂ ಎಬ್ಬಿಸುವಂಥದ್ದು. ಟ್ರ್ಯಾಕ್ಟರ್ ನೋಡಿಕೊಳ್ಳಲು ಮುಧೋಳದ ಪರಸಪ್ಪ ಒಪ್ಪಿಯೂ ಇದ್ದ. ಆದರೆ ಹೊತ್ತು ಮೂಡುವಾಗ ಟ್ರೇಲರಿನ ನೆರಳಲ್ಲಿ ಕೂತು ಅದೇ ಪರಸಪ್ಪ ಕೇಳಿದ, "ಅಣ್ಣಾ, ನಿಮ್ಮ ಆ ಊರಾಗ ಮದವಿ ಹೆಂಗ ಮಾಡತಾರರಿ?"

"ಮೊದಲ ಮೊಮ್ಮಕ್ಕಳ ತೊಟ್ಟಲಾ ತೂಗತಾರ. ಆಮ್ಯಾಲ ಊಟ. ಉಂಡು ಕೈ ತೊಳಕೊಂಡಮ್ಯಾಲ ಅಕ್ಕಿಕಾಳ ಒಗದು ತಾಳಿ ಕಟ್ಟತಾರ. ಕಡೀಕ ಕನ್ಯಾ ನೋಡಾಕ ಹೋಗಿ, ಉಪ್ಪಿಟ್ಟು ತಿಂದು, ಒಲ್ಲೆ ಅಂದು ಬರತಾರ."

ಡ್ರೈವರುಗಳೆಲ್ಲ ಸುತ್ತ ನೆರೆದರು. ಕತೆ ಬೆಳೆಯಿತು. ಮುಂದಿನ ಗಾಡಿಗಳು ಸರಿದು, ಹಿಂದಿನವು ಅಡ್ಡ ನುಗ್ಗಿದರೂ ಯಾರೂ ತಿರುಗಿ ನೋಡಲಿಲ್ಲ. ಕಡೆಗೊಮ್ಮೆ ಭೋಂಗಾ ಕೂಗಿತು. ಗೂಳಪ್ಪ ನಿಧಾನಕ್ಕೆ ಟವೆಲ್ಲು ಜಾಡಿಸಿ ಎದ್ದ. "ನೋಡ್ರಿ, ಹೇಳಿದ ಹೊತ್ತಿಗೆ ಎದ್ದೆ."

ಅಂಗಳದಲ್ಲಿ ಚಹಾ ಮಾರುವ ಬಾಳಾಸಾಹೇಬ ಕಿಟ್ಲಿ ಕೆಳಗಿಟ್ಟು ಹೇಳಿದ, "ಇದು ಮಧ್ಯಾಹ್ನದ್ದರಿ. ಬೆಳಗಿಂದು ಊದಿದಾಗ ನೀವು ತೊಟ್ಟಲಾ ತೂಗಾಕತ್ತಿದ್ರಿ."

ಗೂಳಪ್ಪನ ಮುಖ ಕಪ್ಪಿಟ್ಟಿತು. ಬಾಳಾಸಾಹೇಬ ಕಿಟ್ಲಿ ಸಮೇತ ಅವನನ್ನು ಬೈಕಿಗೆ ಹೇರಿಕೊಂಡ. ದಾರಿಯುದ್ದಕ್ಕೂ ಗೂಳಪ್ಪ ಹೊತ್ತೆಷ್ಟಾಯಿತೆಂದು ಕೇಳುತ್ತಲೇ ಇದ್ದ. ರಾಜಶ್ರೀ ಅವನ ಬೆರಳು ಹಿಡಿದು ನಡೆಯಲು ಕಲಿತವಳು. ಕಾಲ ಖರೆಖರೆ ಹಿಂದಕ್ಕೆ ಹರಿಯಲಿ ಎಂದು ಅವನಿಗೆ ಅನ್ನಿಸಿದ್ದು ಆವತ್ತೇ ಮೊದಲು.

ಹಂದರದ ಬಾಗಿಲಲ್ಲಿ ಜನ ತೇಗುತ್ತ, ಎಲೆಅಡಿಕೆ ಹಾಕಿಕೊಳ್ಳುತ್ತ ನಿಂತಿದ್ದರು. ಊಟ ಮುಗಿದಿತ್ತು. ಇನ್ನೇನು ಉಳಿದೀತು? ಗೂಳಪ್ಪ ಅಲ್ಲೇ ಕಟ್ಟೆಯ ಮೇಲೆ ಕುಸಿದ.

ಒಳಗಿನಿಂದ ಗುರುಬಸವ್ವ ಸೆರಗು ಬಿಗಿದುಕೊಂಡು ಬಂದಳು. ಸುತ್ತಲಿನ ಬೀಗರು ದಾರಿ ಬಿಟ್ಟರು.

"ಏಳ ಯಣ್ಣಾ, ಕೂಡಬ್ಯಾಡ. ನಿನ್ನ ಸೊಸಿ ಮಾಮಾ ಬರೂತನಕಾ ಏಳಂಗಿಲ್ಲಂತ ಒಳಗ ಹಟಾ ಹಿಡದು ಕುಂತಾಳ. ಹಸದ ಮಂದೀನ ಎಷ್ಟೊತ್ತಂತ ಕೂಡಸೂನು? ಊಟಕ್ಕ ಹಾಕಿದ್ವಿ."

ಅಯ್ಯನವರೂ ಹಸಿದಿದ್ದರಿಂದ ಪಂಚಾಂಗದಲ್ಲಿ ಇನ್ನೊಂದು ಮುಹೂರ್ತ ತಡವಿಲ್ಲದೆ ಸಿಕ್ಕಿತ್ತು.

ಗೂಳಪ್ಪ ಕಣ್ಣೊರೆಸಿಕೊಂಡ. ತಂಗಿ ಬಿಡಲಿಲ್ಲ. ಹೊತ್ತುಗೇಡಿ, ಕತಿಬುರುಕ ಎಂದು ಬಾಯಿ ತುಂಬ ಬೈದು, ಉಸಿರು ತೆಗೆದುಕೊಂಡು ಕೇಳಿದಳು, "ಊಟ ಮೊದಲ, ಅಕ್ಕಿಕಾಳ ಆಮ್ಯಾಲ. ಇಂಥಾ ಮದವಿ ಎಲ್ಲೆರೆ ನೋಡಿಯೇನು?"

ಗೂಳಪ್ಪ ಟವೆಲ್ಲು ಹೆಗಲಿಗೇರಿಸಿ ರಾಜಶ್ರೀ ಇದ್ದ ಕೋಣೆಯ ಕಡೆ ಹೆಜ್ಜೆ ಹಾಕಿದ.

"ನೋಡೇನಿ ತಂಗೀ. ಅಲ್ಲಿ ಬೈಗಳಾನೂ ಮೊದಲ ಮುಗಸಿರತಾರ. ಸೋದರಮಾವ ಆಮ್ಯಾಲ ಬರತಾನ."