ಮೊದಲು ಓದುವ ಫೈಲು

ಅಪ್ಪ ಆಡುತ್ತಿದ್ದ ಅಂಗೈಯಗಲದ ವಿಡಿಯೋ ಆಟದ ಯಂತ್ರ ಸೋಮವಾರ ಕೆಟ್ಟು ನಿಂತಿತು. ಗುಂಡಿ ಒತ್ತಿದರೆ ಒಂದು ಗಳಿಗೆ ನೀಲಿ ದೀಪ ಹೊತ್ತಿ ಆರುತ್ತಿತ್ತು, ಪರದೆ ಕಪ್ಪು. ಇದೊಂದು ಬಾಕಿ ಇತ್ತು ನನಗೆ ಅಂದುಕೊಂಡೆ.

ಲಕ್ವ ಹೊಡೆದು ಅಪ್ಪನ ಬಲಗೈ ಬಿದ್ದು ಐದು ತಿಂಗಳಾಗಿತ್ತು. ಅಕ್ಷರ ತಿದ್ದಲೆಂದು ಫಿಸಿಯೋಥೆರಪಿಯವರು ಕೊಟ್ಟ ನೋಟ್‌ಬುಕ್ಕನ್ನು ಅವನು ತಳ್ಳಿಬಿಡುತ್ತಿದ್ದ. ನಾನು ಹೊಸಪೇಟೆಯಿಂದ ಬಸ್ಸು ಹಿಡಿದು ಹೋಗಿ, ಮೆಟ್ರಿಯ ಪಂಚಾಯಿತಿಯಲ್ಲಿ ದಿನವಿಡೀ ಟೈಪು ಮಾಡಿ, ಸಂಜೆ ಮನೆಗೆ ಬಂದು ಅವನ ಬೆರಳು ತಿಕ್ಕಿ ಅಡುಗೆಗೆ ನಿಲ್ಲಬೇಕು. ಆ ಕೈ ಮತ್ತೆ ಏಳುತ್ತದೆಂಬ ನಂಬಿಕೆ ನನಗೇ ಸವೆಯುತ್ತಾ ಬಂದಿತ್ತು. ಪರದೆಯ ಮೇಲೆ ಉದುರುವ ಹಣ್ಣನ್ನು ಪೆನ್ನಿನಂಥ ಕಡ್ಡಿಯಿಂದ ಮುಟ್ಟುವ ಆಟವೊಂದನ್ನು ಮಾತ್ರ ಇಷ್ಟಪಟ್ಟು ಆಡುತ್ತಿದ್ದ. ಅದೂ ಎಡಗೈಯಲ್ಲಿ.

ಹಂಪಿಗೆ ಬಂದ ಪ್ರವಾಸಿಯೊಬ್ಬಳು ಇಲ್ಲಿಯ ಮೊಬೈಲ್ ಅಂಗಡಿಗೆ ಮಾರಿ ಹೋದ ಯಂತ್ರ ಅದು. ಅದರಲ್ಲಿ ಕಂಪನಿಯ ತಂತ್ರಾಂಶದ ಜಾಗಕ್ಕೆ ಯಾರೋ ಹವ್ಯಾಸಿಗಳು ತಮ್ಮದನ್ನು ಕೂರಿಸಿದ್ದರು. ಹಾಗಾಗಿ ಜನ ತಾವೇ ಬರೆದು ಹಂಚುವ ಆಟಗಳೂ ನಡೆಯುತ್ತಿದ್ದವು. ಗುಂಡಿ ಒತ್ತಿದ ಕೂಡಲೇ ಒಳಗಿನ ಚಿಕ್ಕದೊಂದು ಪ್ರೋಗ್ರಾಮು ಎದ್ದು, ಮೆಮೊರಿ ಕಾರ್ಡಿನಲ್ಲಿ ‘ಬೂಟ್’ ಎಂಬ ಫೈಲನ್ನು ಹುಡುಕುತ್ತದೆ. ಆ ಫೈಲು ಯಾವ ಫೋಲ್ಡರಿನೊಳಗೂ ಇರಬಾರದು, ಹೆಸರು ಒಂದಕ್ಷರವೂ ಆಚೀಚೆ ಆಗಬಾರದು. ಸಿಕ್ಕರೆ ಆಟದ ಪಟ್ಟಿ ಬರುತ್ತದೆ. ಸಿಗದಿದ್ದರೆ ಸಿಗಲಿಲ್ಲ ಎಂದು ಹೇಳುವ ಸೌಜನ್ಯವೂ ಅದಕ್ಕಿಲ್ಲ.

ಹಿಂದಿನ ದಿನ, ಭಾನುವಾರ, ಹೊಸ ಆಟ ಹಾಕಲು ಕಾರ್ಡನ್ನು ನನ್ನ ಹಳೆಯ ಲ್ಯಾಪ್‌ಟಾಪಿಗೆ ಹಾಕಿದ್ದೆ. ಎಡಗಡೆಯ ಶಿಫ್ಟ್ ಕೀ ಕಿತ್ತುಹೋಗಿರುವ ಲ್ಯಾಪ್‌ಟಾಪು. ಅಪ್ಪ ಪಕ್ಕದಲ್ಲೇ ಕೂತಿದ್ದ.

“ನೋಡಪಾ, ಮೊದಲ ಇದನ್ನ ಓದತೈತಿ. ಎಲ್ಲಾ ಇಲ್ಲಿಂದನ ಶುರು,” ಎಂದು ಬೂಟ್ ಫೈಲನ್ನು ತೋರಿಸಿ, ಉಕ್ಕುವ ಹಾಲಿಗೆ ಓಡಿದ್ದೆ. ಬಂದವಳು ನೋಡದೆಯೇ ಕಾರ್ಡು ತೆಗೆದಿದ್ದೆ.

ಮಂಗಳವಾರ ಅಂಗಡಿಯವನು ಯಂತ್ರವನ್ನು ತಿರುಗಿಸಿ ನೋಡಿ, “ಬೋರ್ಡ್ ಹೋಗೇತ್ರಿ ಅಕ್ಕಾರ. ಇದಕ್ಕ ಪಾರ್ಟ್ಸ್ ಸಿಗಂಗಿಲ್ಲ,” ಅಂದ. ಬುಧವಾರ ಅಪ್ಪ ತಟ್ಟೆಯನ್ನೂ ತಳ್ಳಿದ. ಅವತ್ತು ಸಂಜೆ ಬಸ್ಸಿಳಿದು ಬಂದವಳು, ಕೊನೆಯ ಪ್ರಯತ್ನವೆಂದು ಕಾರ್ಡು ತೆರೆದೆ. ಪಟ್ಟಿಯಲ್ಲಿ ಎಲ್ಲ ಇತ್ತು, ಬೂಟ್ ಒಂದೇ ಇರಲಿಲ್ಲ. ಇಂಗ್ಲಿಷ್ ಹೆಸರುಗಳೆಲ್ಲ ಮುಗಿದ ಮೇಲೆ, ಕಟ್ಟಕಡೆಗೆ, ಕನ್ನಡದ ‘ಶ್ರೀ’. ಅದಕ್ಕೆ ಅಂಟಿಕೊಂಡು ಬೂಟ್.

ಅಪ್ಪ ಸಂಡೂರಿನ ಗಣಿಯೊಂದರ ತೂಕದ ಕಾಟಾದಲ್ಲಿ ಗುಮಾಸ್ತನಾಗಿದ್ದವನು. ರಿಜಿಸ್ಟರಿನ ಪ್ರತಿ ಪುಟದ ನೆತ್ತಿಗೂ ಶ್ರೀ ಬರೆಯುತ್ತಿದ್ದ. ಕಂಪ್ಯೂಟರ್ ಬಂದ ಮೇಲೆ, ಸಾಹೇಬರು ಬೈದರೂ ದಿನದ ಫೈಲಿನ ಹೆಸರಿಗೆ ಶ್ರೀ ಸೇರಿಸುವುದನ್ನು ಬಿಡಲಿಲ್ಲ.

ನನಗೆ ಮೈ ಉರಿಯಿತು. “ಅಪ್ಪಾ, ಮೂರು ದಿನ ಒದ್ದಾಡೀನಿ! ಇದರ ಹೆಸರು ನೀನ ಬದಲ್ಸೀಯೇನು?”

ಅವನು ತೊದಲುತ್ತಾ, “ಶುರೂಕ... ಶ್ರೀ ಬ್ಯಾಡೇನು?” ಅಂದ.

ಅಳಿಸಲು ಹೋದೆ. ಆಗ ಹೊಳೆಯಿತು. ಈ ಕೀಬೋರ್ಡಿನಲ್ಲಿ ‘ಶ’ ಬರಬೇಕಾದರೆ ಎಡಗಡೆಯ ಎಸ್ ಒತ್ತುವಾಗ ಶಿಫ್ಟ್ ಹಿಡಿದಿರಬೇಕು. ಉಳಿದಿರುವುದು ಬಲತುದಿಯ ಶಿಫ್ಟ್ ಒಂದೇ. ನಾನು ಒಂದು ಕೈಯನ್ನು ಎಷ್ಟು ಅಗಲಿಸಿ ನೋಡಿದರೂ ಎರಡೂ ಒಟ್ಟಿಗೆ ಎಟುಕಲಿಲ್ಲ. ಎಡಗೈ ಎಸ್ ಒತ್ತಿದ್ದರೆ, ಶಿಫ್ಟ್ ಹಿಡಿದದ್ದು ಯಾವ ಕೈ?

ಅಪ್ಪನ ಬಲಗೈ ಎಂದಿನಂತೆ ತೊಡೆಯ ಮೇಲೆ ಬಿದ್ದುಕೊಂಡಿತ್ತು. ನನಗೆ ಅಳು ತಡೆಯಲಾಗಲಿಲ್ಲ.

ಶ್ರೀ ಅಳಿಸಲಿಲ್ಲ. ಫೈಲಿನ ಇನ್ನೊಂದು ಪ್ರತಿ ಮಾಡಿ ಅದಕ್ಕೆ ಬರೀ ಬೂಟ್ ಎಂದು ಹೆಸರಿಟ್ಟೆ. ಯಂತ್ರ ಎದ್ದಿತು. ಅಪ್ಪ ಕಡ್ಡಿಗಾಗಿ ಎಡಗೈ ಚಾಚಿದ. ನಾನು ಕಡ್ಡಿಯನ್ನು ಅವನ ಬಲಗೈಯಲ್ಲಿಟ್ಟೆ. ತಳ್ಳಲಿಲ್ಲ.