ಎದೆಯ ಮೇಲಿನ ಹೆಸರು

ನನ್ನ ಹೆಸರು ಐದು ಅಕ್ಷರದ್ದು. ಅದನ್ನು ಇಲ್ಲಿ ಬರೆಯುವುದಿಲ್ಲ. ಬರೆದರೆ ನೀವೂ ಅದನ್ನು ಮೊಟಕು ಮಾಡಿ ಕರೆಯುತ್ತೀರಿ, ಆ ಕಾಟ ದುಬೈಯಲ್ಲಿ ಅನುಭವಿಸಿದ್ದೇ ನನಗೆ ಸಾಕಾಗಿದೆ.

೨೦೧೩ರ ಏಪ್ರಿಲಿನಲ್ಲಿ ಅಲ್ ಬರ್ಷಾದ ಒಂದು ಹೋಟೆಲಿನ ರಿಸೆಪ್ಶನ್ನಿಗೆ ಸೇರಿದೆ. ಮೊದಲ ದಿನ ಮ್ಯಾನೇಜರು ನನ್ನ ಪಾಸ್‌ಪೋರ್ಟ್ ಹಿಡಿದುಕೊಂಡು ಹೆಸರನ್ನು ಎರಡು ಸಲ ಓದಲು ನೋಡಿದರು, ಮೂರನೆಯ ಸಲಕ್ಕೆ ಕೈಬಿಟ್ಟರು. ಗೆಸ್ಟುಗಳಿಗೆ ಒಂದೇ ಉಸಿರಿನಲ್ಲಿ ಹೇಳಲು ಬರುವ ಹೆಸರು ಬೇಕು ಎಂದರು. ಅವರ ಮೇಜಿನ ಖಾನೆಯಲ್ಲಿ ಬಿಸ್ಕತ್ತಿನ ಒಂದು ತಗಡಿನ ಡಬ್ಬಿ ಇತ್ತು. ಕೆಲಸ ಬಿಟ್ಟು ಹೋದವರ ಹಿತ್ತಾಳೆ ಬ್ಯಾಡ್ಜುಗಳನ್ನು ಅದರಲ್ಲಿ ತುಂಬಿಟ್ಟಿದ್ದರು. ಕೈಯಾಡಿಸಿ ಒಂದನ್ನು ತೆಗೆದು ಕೊಟ್ಟರು: ಪೀಟರ್. ನಾನು ಕೆಲಸ ಬೇಕಾದವನು. ಎದೆಗೆ ಚುಚ್ಚಿಕೊಂಡೆ.

ಅಲ್ ಕುಸೈಸ್‌ನ ನಮ್ಮ ರೂಮಿನಲ್ಲಿ ಆರು ಮಂದಿ ಇದ್ದೆವು. ನನ್ನ ಕೆಳಗಿನ ಮಂಚದವನು ಬಂಟ್ವಾಳದ ಕಡೆಯ ಬ್ಯಾರಿ, ಬಾಯಿ ಸುಮ್ಮನಿರದ ಮನುಷ್ಯ. ಬ್ಯಾಡ್ಜು ನೋಡಿ, "ಎಂತ ಮಾರಾಯ, ಒಂದೇ ದಿನದಲ್ಲಿ ಪೀಟರ್ ಆದ್ಯಾ? ಊರಲ್ಲಿ ಗೊತ್ತಾದ್ರೆ ನಿನ್ನ ಅಪ್ಪ ನಿನ್ನನ್ನು ಚರ್ಚಲ್ಲಿ ಹುಡುಕ್ಲಿಕ್ಕೆ ಹೋಗ್ತಾರೆ" ಎಂದ. ಎಲ್ಲರೂ ನಕ್ಕರು. ನಾನೂ ನಕ್ಕೆ. ಆಮೇಲೆ ಸ್ನಾನಕ್ಕೆ ಹೋದವನಿಗೆ ತುಂಬ ಹೊತ್ತು ಹೊರಗೆ ಬರಲು ಮನಸ್ಸಾಗಲಿಲ್ಲ.

ಹಾಗೆ ನೋಡಿದರೆ ಆ ರೂಮಿನಲ್ಲೂ ನನಗೆ ಹೆಸರಿರಲಿಲ್ಲ. ಉಡುಪಿಯ ಕಡೆಯವನು ಒಬ್ಬನೇ ಇದ್ದದ್ದರಿಂದ 'ಉಡುಪಿ' ಎಂದೇ ಕರೆಯುತ್ತಿದ್ದರು. ಕೆಳಗಿನ ಗ್ರೋಸರಿಯವನಿಗೆ ನಾನು ಭಾಯ್, ಟ್ಯಾಕ್ಸಿಯವನಿಗೆ ಬಾಸ್. ಊರಿಗೆ ಫೋನು ಮಾಡಿದರೆ ಅಮ್ಮನಾದರೂ ಕರೆಯಬಹುದಿತ್ತು. ಆದರೆ ನನಗಿಟ್ಟದ್ದು ಅಪ್ಪನ ಅಪ್ಪನ ಹೆಸರು. ಮಾವನ ಹೆಸರನ್ನು ಸೊಸೆ ಬಾಯಲ್ಲಿ ಹೇಳಬಾರದು ಎಂದು ಅಮ್ಮ ಹುಟ್ಟಿದಂದಿನಿಂದ ನನ್ನನ್ನು ಕರೆದದ್ದು 'ಮಗಾ' ಎಂದು ಮಾತ್ರ. ನನ್ನ ಹೆಸರು ಪೂರ್ತಿಯಾಗಿ ಕೇಳಿಸುತ್ತಿದ್ದದ್ದು ಶಾಲೆಯಲ್ಲಿ ಹಾಜರಿ ಕರೆಯುವಾಗ. ಹಾಗಾಗಿ ನನಗೆ ಬೇಕಿದ್ದದ್ದು ದೊಡ್ಡದೇನಲ್ಲ. ದುಬೈಯಲ್ಲಿ ಒಬ್ಬರಾದರೂ ನನ್ನನ್ನು ನನ್ನ ಹೆಸರು ಹಿಡಿದು ಕರೆಯಬೇಕಿತ್ತು. ಒಂಟಿತನ ಎಂದರೆ ಅಡುಗೆ, ಹಬ್ಬ, ಮನೆಯ ನೆನಪು ಎಂದೆಲ್ಲ ಜನ ಹೇಳುತ್ತಾರೆ. ನನಗೆ ಅದು ಇಷ್ಟೇ ಆಗಿತ್ತು.

ಕೌಂಟರಿನಲ್ಲಿ ನನ್ನ ಪಕ್ಕದಲ್ಲಿ ನಿಲ್ಲುತ್ತಿದ್ದವಳು ಹಂಗೇರಿಯವಳು. ನನಗಿಂತ ನಾಲ್ಕೈದು ವರ್ಷ ದೊಡ್ಡವಳು, ಕಾಲೇಜಿನಲ್ಲಿ ಭಾಷಾಶಾಸ್ತ್ರ ಓದಿದವಳು, ಆ ಓದಿಗೆ ತಕ್ಕ ಕೆಲಸ ಅವಳ ದೇಶದಲ್ಲೂ ಇರಲಿಲ್ಲವಂತೆ. ಅವಳ ಎದೆಯ ಮೇಲೆ 'ರೀಟಾ' ಎಂದಿತ್ತು. ಮೂರನೆಯ ದಿನ ಚಹಾ ಕುಡಿಯುವಾಗ ನನ್ನ ಬ್ಯಾಡ್ಜನ್ನು ಬೆರಳಿನಿಂದ ತೋರಿಸಿ, "ಇದು ನಿನ್ನ ಹೆಸರಲ್ಲ. ನಿನ್ನದು ಯಾವುದು?" ಎಂದು ಕೇಳಿದಳು.

ಹೇಳಿದೆ. ಅವಳು ಮ್ಯಾನೇಜರಂತೆ ಕೈಬಿಡಲಿಲ್ಲ. ತನಗೆ ಓದಲು ಬರುವ ಹಾಗೆ ಬರೆದುಕೊಂಡಳು, ಯಾವ ಅಕ್ಷರ ಎಳೆಯಬೇಕು, ಯಾವುದಕ್ಕೆ ನಾಲಿಗೆ ಮಡಚಬೇಕು ಎಂದು ಕೇಳಿಕೊಂಡಳು. ವಾರ ಕಳೆಯುವುದರೊಳಗೆ ನಮ್ಮ ಹೆಡ್‌ಮಾಸ್ಟರರಿಗಿಂತ ಚೆನ್ನಾಗಿ ಹೇಳತೊಡಗಿದಳು. ಗೆಸ್ಟುಗಳ ಎದುರು ನಾನು ಪೀಟರ್. ಲಾಬಿ ಖಾಲಿಯಾದ ಕೂಡಲೇ ಐದಕ್ಷರ. ಮೊದಲ ಸಲ ಹಾಗೆ ಕರೆದಾಗ ನಾನು ಓಗೊಡುವುದನ್ನೇ ಮರೆತು ನಿಂತಿದ್ದೆ.

ಹೆಸರುಗಳೆಂದರೆ ಅವಳಿಗೆ ಹುಚ್ಚು. ಪೀಟರ್ ಎಂದರೆ ಗ್ರೀಕಿನಲ್ಲಿ ಕಲ್ಲು ಎಂದಳು. ಎಂಟು ಗಂಟೆ ನಿಂತ ಕಾಲು ನನ್ನದು, ಅರ್ಥ ಸರಿಯಾಗಿದೆ ಎಂದೆ. ಆ ಕಲ್ಲನ್ನು ಬಂದವರೆಲ್ಲ ತಮ್ಮ ಊರಿನ ಉಳಿಯಿಂದ ಕೆತ್ತುತ್ತಿದ್ದರು. ಸ್ಪೇನಿನವರಿಗೆ ನಾನು ಪೆದ್ರೊ, ಫ್ರೆಂಚರಿಗೆ ಪಿಯೇರ್, ರಷ್ಯದವರಿಗೆ ಪ್ಯೋತ್ರ್. ಫಿನ್ಲೆಂಡಿನ ಮುದುಕನೊಬ್ಬ ಪೆಕ್ಕ ಎಂದು ಕರೆದು ಬೆನ್ನು ತಟ್ಟಿ ಹೋದ. ಲೆಬನಾನಿನ ಗಿರಾಕಿಯೊಬ್ಬರ ಬಾಯಲ್ಲಿ ಬುತ್ರುಸ್ ಆದೆ. ಅವರೆಲ್ಲ ತಮ್ಮ ಮನೆಯವರಲ್ಲಿ ಯಾರನ್ನೋ ನೆನೆಸಿಕೊಂಡು ಪ್ರೀತಿಯಿಂದಲೇ ಕರೆಯುತ್ತಿದ್ದರು. ಆ ಪ್ರೀತಿ ನನಗೆ ಸೇರಿದ್ದಲ್ಲ ಎಂಬುದು ಮಾತ್ರ ನನಗೆ ಗೊತ್ತಿತ್ತು.

ಜಾನ್, ಯೋಹಾನ್, ಜ್ಯಾಂ, ಹುವಾನ್, ಇವಾನ್ ಎಲ್ಲ ಒಂದೇ ಹೆಸರು ಎಂದು ಅವಳು ಹೇಳಿದಾಗ ನಾನು ನಂಬಲಿಲ್ಲ. ಹೀಬ್ರೂವಿನಲ್ಲಿ ಅದಕ್ಕೆ ದೇವರು ಕರುಣಾಳು ಎಂದರ್ಥವಂತೆ. ಯುರೋಪಿನ ಅರ್ಧ ಹೆಸರುಗಳು ಹುಟ್ಟಿದ್ದು ನಾವು ನಿಂತ ಈ ಮರಳಿನ ಕಡೆಯಲ್ಲೇ, ಅಲ್ಲಿಂದ ನಡೆದು ಹೋಗುತ್ತಾ ಹೋಗುತ್ತಾ ಚಳಿಗೆ ಮೈ ಮುದುಡಿಕೊಂಡಿವೆ ಎನ್ನುತ್ತಿದ್ದಳು. ಜರ್ಮನಿಯ ಕಡೆಯ ಹಳೆಯ ಹೆಸರುಗಳಲ್ಲಿ ಹೆಂಗಸರಿಗೂ ಯುದ್ಧ ತಪ್ಪಿದ್ದಲ್ಲ, ಮಟಿಲ್ಡಾ ಎಂದರೆ ಕಾಳಗದಲ್ಲಿ ಬಲಶಾಲಿ. ಗ್ರೀಕಿನ ಐರೀನ್ ಎಂದರೆ ಶಾಂತಿ. ಐರೀನ್ ಎಂಬ ಹೆಸರಿನ ಒಬ್ಬ ಮಹಾತಾಯಿ ಏಸಿ ತಣ್ಣಗಿಲ್ಲ ಎಂದು ಇಡೀ ಲಾಬಿ ಅದುರುವ ಹಾಗೆ ಕೂಗಾಡಿದ ದಿನ, ಹೆಸರು ಕ್ಷೀರಸಾಗರ ಭಟ್ಟ, ಮನೆಯಲ್ಲಿ ಮಜ್ಜಿಗೆಗೆ ತತ್ವಾರ ಎಂಬ ನಮ್ಮ ಗಾದೆಯನ್ನು ಅವಳಿಗೆ ಇಂಗ್ಲಿಷಿನಲ್ಲಿ ವಿವರಿಸಲು ಹೋಗಿ ಬೆವತೆ. ಅವಳಿಗೆ ಭಟ್ಟರು ಅರ್ಥವಾಗಲಿಲ್ಲ, ಮಜ್ಜಿಗೆ ಅರ್ಥವಾಯಿತು.

ರೀಟಾ ಎಂದರೆ ಏನೆಂದು ನಾನೇ ಕೇಳಿದ್ದೆ. ಮಾರ್ಗರೀಟಾದ ತುಂಡು, ಮಾರ್ಗರೀಟಾ ಎಂದರೆ ಮುತ್ತು ಎಂದಳು. ಈ ಊರಿನವರು ಹಿಂದೆ ಮುತ್ತಿಗಾಗಿಯೇ ಕಡಲಿಗೆ ಇಳಿಯುತ್ತಿದ್ದರಲ್ಲ, ನೀನು ಸರಿಯಾದ ಜಾಗಕ್ಕೇ ಬಂದಿದ್ದೀ ಎಂದೆ. ಅವಳು ನಕ್ಕು ಫೋನೆತ್ತಿಕೊಂಡಳು.

ಅವಳ ಖಾನೆಯಲ್ಲಿ ಊರಿನಿಂದ ತಂದ ಪುಟ್ಟ ಕ್ಯಾಲೆಂಡರೊಂದಿತ್ತು. ನಮ್ಮ ಪಂಚಾಂಗದಲ್ಲಿ ತಿಥಿ ಇರುವ ಜಾಗದಲ್ಲಿ ಅದರಲ್ಲಿ ಹೆಸರುಗಳು. ವರ್ಷದ ಒಂದೊಂದು ದಿನ ಒಂದೋ ಎರಡೋ ಹೆಸರಿನವರಿಗೆ ಮೀಸಲು. ಆ ದಿನ ಆ ಹೆಸರಿನವರಿಗೆ ಹೂ ಕೊಟ್ಟು ಹರಸುವುದು ಅವರಲ್ಲಿ ವಾಡಿಕೆ. ಬೆಳಿಗ್ಗೆ ಡ್ಯೂಟಿಗೆ ಬಂದ ಕೂಡಲೇ ಅಂದು ಬರುವ ಗೆಸ್ಟುಗಳ ಪಟ್ಟಿಯನ್ನೂ ಕ್ಯಾಲೆಂಡರನ್ನೂ ಪಕ್ಕಪಕ್ಕ ಇಟ್ಟು ನೋಡುವಳು. ಪೋಲೆಂಡಿನ ಒಬ್ಬ ಲಾರಿ ಕಂಪೆನಿಯ ಯಜಮಾನ, ಇಂದು ನಿಮ್ಮ ಹೆಸರಿನ ದಿನವಲ್ಲವೇ ಎಂದು ಅವಳು ಕೇಳಿದ್ದಕ್ಕೆ ಪೆಟ್ಟಿಗೆ ಕೆಳಗಿಟ್ಟು ಕಣ್ಣೊರೆಸಿಕೊಂಡ. ಮನೆಯಲ್ಲಿ ಯಾರೂ ಫೋನು ಮಾಡಿರಲಿಲ್ಲವಂತೆ.

ನನ್ನ ಹೆಸರು ಆ ಕ್ಯಾಲೆಂಡರಿನಲ್ಲಿ ಎಲ್ಲಿರಬೇಕು? ಆದರೆ ನಾನು ಸೇರಿ ಒಂದು ವರ್ಷ ತುಂಬಿದ ದಿನ ಅವಳು ಅದನ್ನು ತೆರೆದು ನನ್ನ ಮುಂದೆ ಇಟ್ಟಳು. ಆ ತಾರೀಖಿನ ಪಕ್ಕದಲ್ಲಿ, ಅಚ್ಚಾದ ಹೆಸರಿನ ಕೆಳಗೆ, ಪೆನ್ಸಿಲ್ಲಿನಲ್ಲಿ ನನ್ನ ಐದಕ್ಷರ ಬರೆದಿದ್ದಳು. ಜೊತೆಗೆ ಮೂರು ಬಿಳಿ ಗುಲಾಬಿ. ಹುಟ್ಟುಹಬ್ಬಕ್ಕೆ ಪಾಯಸ ಕಂಡವನು ನಾನು, ಹೆಸರಿಗೆ ಹೂ ಕಂಡದ್ದು ಅದೇ ಮೊದಲು. ಪ್ಯಾಂಟ್ರಿಗೆ ಹೋಗಿ ಅತ್ತೆ. ಹೇಳಿಕೊಳ್ಳಲು ನಾಚಿಕೆಯೇನಿಲ್ಲ. ನಮ್ಮ ನಡುವೆ ಬೇರೆ ಏನೋ ಇತ್ತು ಎಂದು ಬ್ಯಾರಿ ಗೆಳೆಯನಿಗೆ ಕೊನೆಯವರೆಗೂ ಗುಮಾನಿ. ಇರಲಿಲ್ಲ. ಅವಳು ನನ್ನ ಹೆಸರು ಕರೆಯುತ್ತಿದ್ದಳು, ಅಷ್ಟೇ.

ಮರುತಿಂಗಳು, ಮೇಯಲ್ಲಿ, ರೀಟಾ ಎಂಬ ಹೆಸರಿನ ದಿನ ಬಂತು. ಬಿಟ್ಟೇನೆಯೇ? ಆ ಸುಡುಬಿಸಿಲಿನಲ್ಲಿ ಮೆಟ್ರೋ ಸ್ಟೇಷನ್ನಿನಿಂದ ಹೂ ಹಿಡಿದು ನಡೆದೆ, ಅರ್ಧ ಬಾಡಿತು. ಅವಳು ಹೂ ತೆಗೆದುಕೊಂಡು ಒಂದು ಕ್ಷಣ ನನ್ನ ಮುಖವನ್ನೇ ನೋಡಿದಳು. ಆಮೇಲೆ ಥ್ಯಾಂಕ್ಸ್ ಎಂದು ನೀರಿನ ಲೋಟದಲ್ಲಿ ಇಟ್ಟಳು. ಮರುವರ್ಷವೂ ತಂದೆ.

೨೦೧೫ರ ಕೊನೆಗೆ ಅವಳು ಕೆಲಸ ಬಿಟ್ಟಳು. ಅವಳ ತಾಯಿಗೆ ನಡೆಯಲಾಗುತ್ತಿರಲಿಲ್ಲ, ನೋಡಿಕೊಳ್ಳಲು ಬೇರೆ ಯಾರೂ ಇರಲಿಲ್ಲ. ಕೊನೆಯ ದಿನ ಮಧ್ಯಾಹ್ನ ಏರ್‌ಪೋರ್ಟಿನ ವ್ಯಾನು ಬಾಗಿಲಿಗೆ ಬಂದು ನಿಂತಿತ್ತು. ಅವಳು ಬ್ಯಾಡ್ಜು ಬಿಚ್ಚಿ ಕೌಂಟರಿನ ಮೇಲೆ, ನನ್ನ ಕೈಯ ಹತ್ತಿರ ಇಟ್ಟಳು, ಮ್ಯಾನೇಜರಿಗೆ ಕೊಡು ಎಂದಳು. ಇಟ್ಟುಕೋ, ನಿನ್ನ ಹೆಸರಲ್ಲವೇ, ನೆನಪಿಗಿರಲಿ ಎಂದೆ.

"ಇದು ನನ್ನ ಹೆಸರಲ್ಲ. ನನ್ನದು ಇಲ್ಲಿ ಯಾರಿಗೂ ಹೇಳಲು ಬರುತ್ತಿರಲಿಲ್ಲ. ನಾನು ಸೇರಿದ ದಿನ ಅವರು ಡಬ್ಬಿಯಿಂದ ಇದನ್ನು ತೆಗೆದು ಕೊಟ್ಟರು" ಎಂದಳು.

ದೂರುವ ಧ್ವನಿಯೇನೂ ಅಲ್ಲ, ಬಸ್ಸು ಎಷ್ಟು ಗಂಟೆಗೆ ಎಂದು ಹೇಳುವ ಹಾಗೆ ಹೇಳಿದಳು. ನನ್ನ ಕಿವಿ ಬಿಸಿಯಾಯಿತು. ಬಿಳಿಯ ಮುಖದ ಕೆಳಗೆ ಬಿಳಿಯರ ಹೆಸರು ಇದ್ದರೆ ಅನುಮಾನ ಯಾಕೆ ಬರಬೇಕು? ಹೆಸರು ಕತ್ತರಿಸಿಕೊಳ್ಳುವ ಪಾಡು ನಮ್ಮಂಥವರದು ಮಾತ್ರ ಎಂದು ನಾನು ತಿಳಿದಿದ್ದೆ. ಎರಡೂವರೆ ವರ್ಷ ನನ್ನ ಹೆಸರನ್ನು ಯಾರೂ ಕೇಳುವುದಿಲ್ಲ ಎಂದು ಕೊರಗಿದವನು, ಕೇಳಿದ ಒಬ್ಬಳೇ ಒಬ್ಬಳನ್ನು ತಿರುಗಿ ಕೇಳಿರಲಿಲ್ಲ. ಅವಳ ನಿಜವಾದ ಹೆಸರಿನ ದಿನಗಳು ಅದೇ ಕ್ಯಾಲೆಂಡರಿನಲ್ಲಿ ನನ್ನ ಮೂಗಿನ ಕೆಳಗೇ ಕಳೆದುಹೋಗಿದ್ದವು.

ಆಗಲಾದರೂ ಕೇಳಬಹುದಿತ್ತು. ಎರಡು ಪದದ ಪ್ರಶ್ನೆ. ಆದರೆ ಅಷ್ಟು ಕಾಲ ಭುಜಕ್ಕೆ ಭುಜ ತಾಗಿಸಿ ನಿಂತವಳನ್ನು, ಚಹಾ ಹಂಚಿಕೊಂಡವಳನ್ನು, ನಿನ್ನ ಹೆಸರೇನು ಎಂದು ಯಾವ ಮುಖದಿಂದ ಕೇಳುವುದು? ಅವಳು ಸ್ವಲ್ಪ ಹೊತ್ತು ಅಲ್ಲೇ ನಿಂತಳು. ಕಾಯುತ್ತಿದ್ದಳು ಎಂದು ಈಗ ಅನ್ನಿಸುತ್ತದೆ. ಅಷ್ಟರಲ್ಲಿ ಗೆಸ್ಟುಗಳ ಒಂದು ಗುಂಪು ಕೌಂಟರಿಗೆ ಬಂತು, ನಾನು ಬಚಾವಾದವನಂತೆ ಅವರ ಪಾಸ್‌ಪೋರ್ಟುಗಳನ್ನು ಕೈಗೆತ್ತಿಕೊಂಡೆ. ದುಬೈ ಸಿಮ್ಮನ್ನು ಅವಳು ಬೆಳಿಗ್ಗೆಯೇ ಬಂದ್ ಮಾಡಿಸಿದ್ದಳು. ಊರಿಗೆ ಹೋಗಿ ಹೊಸ ನಂಬರು ಕಳಿಸುತ್ತೇನೆ ಎಂದಿದ್ದಳು, ಅದು ಬರಲೇ ಇಲ್ಲ.

ಬಾಗಿಲ ಹತ್ತಿರ ನಿಂತು, ಅಷ್ಟು ಜನ ಗೆಸ್ಟುಗಳ ಎದುರಿಗೇ, ಅವಳು ನನ್ನನ್ನು ಕೂಗಿದಳು. ಐದೂ ಅಕ್ಷರ, ಒಂದೂ ತಪ್ಪಿಲ್ಲದೆ. ಕೈಬೀಸಿ ಹೊರಟಳು. ಏನಾದರೂ ಹೇಳಿ ಕಳಿಸಬೇಕಲ್ಲ. ನನ್ನ ಹತ್ತಿರ ಇದ್ದದ್ದು ಅದೊಂದೇ. "ಬೈ ರೀಟಾ" ಎಂದೆ. ಅವಳು ತಿರುಗಿ ನೋಡಿ ನಕ್ಕಳು. ಅಷ್ಟು ವರ್ಷದ ಅಭ್ಯಾಸ, ಆ ಹೆಸರಿಗೂ ಅವಳು ತಿರುಗಿ ನೋಡುತ್ತಿದ್ದಳು.